ಹಾಜಿರಾಳ ಬಿಸಿಲ ನೀರು

ಕಲಬುರಗಿಯಲ್ಲಿ ಗೋಲಿ ಸೋಡಾ ಮಾರುತ್ತಿದ್ದ ಮಲಂಗಸಾಬನ ಹೆಂಡತಿ ಹಾಜಿರಾ, ಬಿಸಿಲನ್ನು ನಂಬಿದಷ್ಟು ಗಂಡನನ್ನೂ ನಂಬಿದವಳಲ್ಲ. ಮೊದಲ ಮಗು ವಾಂತಿಭೇದಿಯಲ್ಲಿ ಹೋದ ಮೇಲೆ ಹಕೀಮರೊಬ್ಬರು, ಗಾಜಿನ ಬಾಟಲಿಯಲ್ಲಿ ನೀರು ತುಂಬಿ ದಿನವಿಡೀ ಮಾಳಿಗೆಯ ಮೇಲಿಟ್ಟು ಕುಡಿಸು ಎಂದಿದ್ದರು. ಬಿಸಿಲೊಳಗಿನ ಅತಿನೇರಳೆ ಕಿರಣ ರೋಗಾಣುಗಳನ್ನು ಕೊಲ್ಲುತ್ತದೆಂದು ಅವಳಿಗೇನು ಗೊತ್ತು? ಎರಡನೆಯವಳು ಮಸ್ತಾನಬಿ ಆ ನೀರು ಕುಡಿದು ಗುಂಡಗುಂಡಗೆ ಬೆಳೆದಳು, ಅಷ್ಟು ಸಾಕಿತ್ತು. ಗ್ಯಾಸು ಹಿಡಿಸಲು ಬಾಟಲಿ ಅಲುಗಿಸುವ ಸೋಡಾದವನ ಹೆಂಡತಿಯಲ್ಲವೇ, ಹೋಗಿಬಂದಾಗಲೆಲ್ಲ ಬಾಟಲಿ ಎತ್ತಿ ಅಲುಗಿಸುವುದು ಅವಳ ಕೈಗೆ ಹತ್ತಿದ ಚಟ. ಅಲ್ಲಿಯ ಬಾವಿ ನೀರು ತಿಳಿಯಾಗಿತ್ತು, ಅಲುಗಿಸಿದರೆ ಕೆಡುವಂಥದ್ದೇನೂ ಇರಲಿಲ್ಲ.

ನಲವತ್ತೆಂಟರ ಪೊಲೀಸ್ ಕಾರ್ಯಾಚರಣೆಯ ಗದ್ದಲದಲ್ಲಿ ಅಂಗಡಿ ಮುಚ್ಚಿತು. ಮಲಂಗಸಾಬ ಎತ್ತ ಹೋದನೋ ಸುದ್ದಿಯಿಲ್ಲ. ಹಾಜಿರಾ ಮಗಳನ್ನು ಬಗಲಿಗೇರಿಸಿಕೊಂಡು, ಬಾಟಲಿಗಳನ್ನು ಗಂಟು ಕಟ್ಟಿಕೊಂಡು, ಕಮಲಾಪುರದಲ್ಲಿದ್ದ ಬಾಲ್ಯದ ಗೆಳತಿ ಕಸ್ತೂರಿಬಾಯಿಯ ಮನೆ ಸೇರಿದಳು. ಆ ಪುಣ್ಯಾತ್ಗಿತ್ತಿ ಏನೂ ಕೇಳದೆ ಬಾಗಿಲು ತೆರೆದಳು. ಆದರೆ ಬಾವಿಗೆ ಯಾರೋ ವಿಷ ಹಾಕಿದ್ದಾರೆಂಬ ಗಾಳಿಸುದ್ದಿಗೆ ಊರಿಗೆ ಊರೇ ಹಳ್ಳದ ಕೆಂಪು ನೀರು ತರುತ್ತಿತ್ತು. ಮಳೆಗೆ ತೊಯ್ದ ಕಟ್ಟಿಗೆ ರೊಟ್ಟಿ ಸುಡುವುದಕ್ಕೇ ಸಾಲದು, ಕುಡಿಯುವ ನೀರು ಕಾಯಿಸುವುದು ದೂರದ ಮಾತು.

ಮಳೆ ಬಿಟ್ಟು ಬಿಸಿಲು ಬಿದ್ದ ದಿನ ಹಾಜಿರಾಳಿಗೆ ಹೋದ ಜೀವ ಬಂದಂತಾಯಿತು. ಬಾಟಲಿಗಳನ್ನು ತುಂಬಿ ಮಾಳಿಗೆಗೆ ಹೊತ್ತಳು.

"ನೀರು ರಾಡಿ ಅದವಾ. ಒಂದಿನಾ ಹಾಂಗೇ ಬಿಡು, ತಿಳಿ ಆಗ್ಲಿ," ಎಂದಳು ಕಸ್ತೂರಿಬಾಯಿ.

"ಸುಮ್ನ ಬಿಟ್ಟ ನೀರು ಸತ್ತ ನೀರು, ಅಕ್ಕಾ. ಅಲುಗಿಸಿದ್ರನೇ ಜೀವ ಬರ್ತದ," ಎಂದು ನಕ್ಕಳು ಹಾಜಿರಾ. ಸಂಜೆಯವರೆಗೂ ಅಲುಗಿಸುತ್ತಲೇ ಇದ್ದಳು. ಮಣ್ಣು ತಳಕ್ಕೆ ಕೂರಲೇ ಇಲ್ಲ.

ಆ ನೀರು ಕುಡಿದ ಮಸ್ತಾನಬಿಗೆ ಮರುದಿನ ಭೇದಿ ಹತ್ತಿತು. ಡಾಕ್ಟರ್ ಹಣಮಂತರಾಯರು ಬರುವಷ್ಟರಲ್ಲಿ ಮಗುವಿನ ಕಣ್ಣು ಗುಳಿಬಿದ್ದಿದ್ದವು. ಕೈಲಾದದ್ದೆಲ್ಲ ಮಾಡಿದರು, ಮಗು ಉಳಿಯಲಿಲ್ಲ.

ಮಗುವಿನ ಮಣ್ಣಾದ ಮೇಲೆ ಹಾಜಿರಾ ಡಾಕ್ಟರರ ಮುಂದೆ ಬಾಟಲಿ ತಂದಿಟ್ಟಳು.

"ಬಿಸಿಲಿಗಿ ಇಟ್ಟಿದ್ನಲ್ರೀ ಸಾಹೇಬ್ರ. ಬಿಸಿಲು ಯಾಕ ಕೈಬಿಟ್ತು?"

"ಬಿಸಿಲಿನ ಶಕ್ತಿ ಖರೇ ಅದವಾ. ಆದ್ರ ರಾಡಿ ನೀರೊಳಗ ಬೆಳಕು ಇಳ್ಯಂಗಿಲ್ಲ. ಮಣ್ಣಿನ ಮರೆಯೊಳಗ ರೋಗ ಉಳೀತದ."

ಹಾಜಿರಾ ತನ್ನ ಎರಡೂ ಕೈ ನೋಡಿಕೊಂಡಳು.

"ನಾ ಅಲುಗಿಸದ ಬಿಟ್ಟು, ತಿಳಿ ಬಸಿದು ಇಟ್ಟಿದ್ರ, ಉಳೀತಿದ್ಲೇನ್ರೀ?"

ಹಣಮಂತರಾಯರು ಹೂಂ ಎನ್ನಲಿಲ್ಲ, ಇಲ್ಲ ಎಂದೂ ಅನ್ನಲಿಲ್ಲ. ತಲೆ ತಗ್ಗಿಸಿ ಕೂತರು. ಸುಳ್ಳಾಡಿ ಗೊತ್ತಿಲ್ಲದ ಮನುಷ್ಯ. ಆ ಒಂದು ಸಲ ಆಡಿದ್ದರೆ ಅವರ ಗಂಟೇನು ಹೋಗುತ್ತಿತ್ತು!