ಕೇಳಿ ಕೊಯ್ದ ಈಚಲು ಗರಿ

ಮುನಿಯಮ್ಮನ ಹಕ್ಕನ್ನು ಕದ್ದವನು ನಾನು. ಬಡಿದಾಡಿ ಕಸಿಯಲಿಲ್ಲ, ಬೇಲಿ ಹಾಕಿ ಅಡ್ಡಗಟ್ಟಲಿಲ್ಲ — ಅಷ್ಟು ಎದೆಗಾರಿಕೆಯೂ ನನಗಿರಲಿಲ್ಲ. ಒಳ್ಳೆಯ ಮಾತಾಡಿ ಕದ್ದೆ. ಇಂಥ ಕಳ್ಳನಿಗೆ ನಮ್ಮೂರಲ್ಲಿ ದೊಡ್ಡ ಮನುಷ್ಯ ಅನ್ನುತ್ತಾರೆ.

ಬೂದಿಕೋಟೆ ಹತ್ತಿರದ ನಮ್ಮೂರಿನಲ್ಲಿ ನನ್ನ ಹೊಲಕ್ಕೆ ಅಂಟಿಕೊಂಡೇ ಗೋಮಾಳವಿತ್ತು. ಅದರ ಹಳ್ಳದುದ್ದಕ್ಕೂ ಈಚಲು. ಮುನಿಯಮ್ಮನ ಅಜ್ಜಿ, ಅವಳ ತಾಯಿ, ಆಮೇಲೆ ಇವಳು — ಅಲ್ಲಿ ಗರಿ ಕೊಯ್ದು, ಪೊರಕೆ ಕಟ್ಟಿ, ಊರಿಗಾಂನ ಗಣಿ ಕೆಲಸಗಾರರ ಲೈನುಗಳಲ್ಲಿ ಮನೆಮನೆಗೆ ಮಾರಿ ಬದುಕಿದವರು. ಯಾರನ್ನೂ ಕೇಳಿದವರಲ್ಲ. ಯಾಕೆ ಕೇಳಬೇಕು? ಅದು ಊರಿನ ನೆಲ.

ನಾನು ಬಂಗಾರಪೇಟೆಯಲ್ಲಿ ವಕೀಲರೊಬ್ಬರ ಗುಮಾಸ್ತನಾಗಿದ್ದೆ. ತಲೆತಲಾಂತರದಿಂದ ಯಾರನ್ನೂ ಕೇಳದೆ ಬಳಸಿದರೆ ಅದು ಹಕ್ಕು. ಇನ್ನೊಬ್ಬನ ಅಪ್ಪಣೆ ಕೇಳಿ ಬಳಸಿದರೆ — ಅದು ಬರೀ ಅವನ ದಯೆ. ದಯೆ ತೋರಿಸಿದವನು ನಾಳೆ ಬೇಡ ಅನ್ನಬಹುದು. ವರ್ಷಗಟ್ಟಲೆ ವಕೀಲರ ಚೀಲ ಹೊತ್ತು ಕಲಿತ ವಿದ್ಯೆ ಇದು. ಅದನ್ನು ಪ್ರಯೋಗಿಸಿದ್ದು ಪೊರಕೆ ಮಾರುವ ಒಬ್ಬ ಹೆಂಗಸಿನ ಮೇಲೆ.

ಒಂದು ದಿನ ಹಳ್ಳದ ಹತ್ತಿರ ಅವಳನ್ನು ನಿಲ್ಲಿಸಿದೆ. "ನಾನೇನ್ ಬ್ಯಾಡ ಅಂತೀನಾ ಮುನಿಯಮ್ಮ? ಒಂದ್ ಮಾತ್ ಕೇಳಿ ಕುಯ್ಕೋ. ಮರ್ಯಾದೆಗೆ, ಅಷ್ಟೇ."

ಅಷ್ಟೇ. ಅಂದಿನಿಂದ ಅವಳು ಕೇಳದೆ ಗರಿ ಮುಟ್ಟಲಿಲ್ಲ. ಬಾಗಿಲಿಗೆ ಬಂದು ಕೇಳುವಳು, ನಾನು ಕಾಫಿ ಹೀರುತ್ತಾ ತಲೆಯಾಡಿಸುವೆ. ಯುಗಾದಿಗೆ ಹೊಸ ಪೊರಕೆ ತಂದುಕೊಟ್ಟು ಹೋಗುವಳು. ಅತ್ತೆಯ ಸೊತ್ತನ್ನು ಅಳಿಯ ದಾನ ಮಾಡಿದ ಹಾಗಿತ್ತು ನನ್ನ ಔದಾರ್ಯ. ಊರಿನವರೂ — ಅವರೇನು ಕಡಿಮೆ ಕುರಿಗಳೇ — ಅವಳನ್ನು ನೋಡಿ, ಅಲ್ಲಿ ದನ ಬಿಡುವುದಕ್ಕೂ ನನ್ನನ್ನೇ ಕೇಳತೊಡಗಿದರು.

ವರ್ಷಗಳ ಮೇಲೆ, ಆ ನೆಲ ನನ್ನ ಅನುಭವದಲ್ಲಿದೆ, ನನ್ನ ಹೆಸರಿಗೆ ಮಾಡಿಕೊಡಿ ಎಂದು ಅರ್ಜಿ ಹಾಕಿದೆ. ವಿಚಾರಣೆಗೆ ಬಂದ ಅಧಿಕಾರಿ, ಯಾರ ಅಪ್ಪಣೆಯಿಂದ ಗರಿ ಕೊಯ್ಯುತ್ತೀಯೆಂದು ಮುನಿಯಮ್ಮನನ್ನು ಕೇಳಿದ. ಅಜ್ಜಿ ಕಾಲದಿಂದ ನಮ್ಮದೇ ರೂಢಿ ಎಂದಿದ್ದರೆ ನನ್ನ ಆಟ ಮುಗಿಯುತ್ತಿತ್ತು. ಆದರೆ ತನ್ನನ್ನು ಎಲ್ಲಿ ಕಳ್ಳಿ ಅಂದುಬಿಡುತ್ತಾರೋ ಅಂತ ಅವಳಿಗೆ ಭಯ.

"ಕದ್ದು ಕುಯ್ದೋಳಲ್ಲ ಸ್ವಾಮಿ. ಅಣ್ಣನ್ನ ಕೇಳ್ಕಂಡೇ ಕುಯ್ದಿದ್ದು."

ಹೇಳಿ ನನ್ನ ಕಡೆ ನೋಡಿದಳು — ಋಣಭಾರದಿಂದ. ನಾನು, ಪರವಾಗಿಲ್ಲ ಅನ್ನುವಂತೆ, ನಕ್ಕೆ. ಆ ನಗು ನೆನೆದರೆ ಈಗಲೂ ನನ್ನ ಮುಖಕ್ಕೆ ನಾನೇ ಉಗಿಯಬೇಕು ಅನ್ನಿಸುತ್ತದೆ.

ನೆಲ ನನ್ನದಾಯಿತು. ಈಚಲು ಕಡಿಸಿ, ಸೈಟು ಮಾಡಿ ಮಾರಿದೆ. ಮುನಿಯಮ್ಮ ಈಗ ಬಂಗಾರಪೇಟೆಯ ಅಂಗಡಿಯಿಂದ ಪ್ಲಾಸ್ಟಿಕ್ ಪೊರಕೆ ತಂದು ಅದೇ ಲೈನುಗಳಲ್ಲಿ ಮಾರುತ್ತಾಳೆ. ನನ್ನ ಮೇಲೆ ಅವಳಿಗೆ ಸಿಟ್ಟಿಲ್ಲ. ಇಷ್ಟು ವರ್ಷ ಕೊಟ್ಟರಲ್ಲ, ಅಂತಾಳಂತೆ.

ಕಳೆದ ವಾರ ಮನೆಗೆ ಬಂದಳು. ಕೆರೆ ಕೋಡಿಯ ಹತ್ತಿರ ಒಂದಿಷ್ಟು ಈಚಲು ಎದ್ದಿದೆ, ಕೊಯ್ದುಕೊಳ್ಳಲೇ ಎಂದು ಕೇಳಿದಳು. ಆ ನೆಲಕ್ಕೂ ನನಗೂ ಯಾವ ಸಂಬಂಧವೂ ಇಲ್ಲ. ನನ್ನನ್ನು ಕೇಳಬೇಡ, ಯಾರನ್ನೂ ಕೇಳಬೇಡ, ನಿನಗೆ ಹಕ್ಕಿದೆ — ಇಷ್ಟು ಹೇಳಿದ್ದರೆ ಸಾಕಿತ್ತು. ಹೇಳಬೇಕೆಂದೇ ಬಾಯಿ ತೆರೆದೆ.

"ಕುಯ್ಕೋ ಓಗು," ಅಂದೆ.