ಕಾಲಿನೊಳಗೆ ಓಡಿದ ಬಸ್ಸು

ಚಪ್ಪಲಿ ಎಂದರೆ ಪೇಟೆಗೆ ಹೋಗುವಾಗ ಮಾತ್ರ ಹಾಕಿಕೊಳ್ಳುವ ವಸ್ತುವಾಗಿದ್ದ ಕಾಲವದು. ಪುಂಜಾಲಕಟ್ಟೆಯ ನಮ್ಮ ಮನೆಯ ಅಂಗಳ, ಗದ್ದೆಯ ಹುಣಿ, ತೋಡು ಎಲ್ಲವೂ ಬರಿಗಾಲಿಗೇ. ನಾನಾಗ ನಾಲ್ಕನೇ ಕ್ಲಾಸು. ಆ ದಸರಾ ರಜೆಗೆ ಸರಿಯಾಗಿ ಅಜ್ಜ ಹೊಸ ಬಚ್ಚಲು ಕಟ್ಟಿಸಲೆಂದು ಹೊಯ್ಗೆ ತರಿಸಿದರು. ಲಾರಿಯವನು ಹೊಳೆಯ ಆ ಒದ್ದೆ ಮರಳನ್ನು ಅಂಗಳದ ಮೂಲೆಗೆ ಸುರಿದದ್ದೇ ತಡ, ನಾನೂ ಪಕ್ಕದ ಮನೆಯ ಜೆಸಿಂತಾಳೂ ರಾಶಿಯ ಮೇಲೆ ಹಾರಿದೆವು. ಹೊಳೆಯ ವಾಸನೆ, ಕೈ ಹೂತರೆ ಒಳಗೆ ತಂಪು! ತೆಂಗಿನ ಗೆರಟೆಯಲ್ಲಿ ಒತ್ತಿ ಇಡ್ಲಿ ಮಾಡಿದೆವು, ಸುರಂಗ ತೋಡಿದೆವು. ನಮ್ಮ ನಾಯಿ ಬೊಳ್ಳುವೂ ಅಲ್ಲೇ ಮಲಗಿ, ತನ್ನ ಹೊರಕಡೆಯ ಕೆಲಸವನ್ನೂ ಅಲ್ಲೇ ಮುಗಿಸುತ್ತಿತ್ತು. ಕಣ್ಣಿಗೆ ಬಿದ್ದರೆ ಗೆರಟೆಯಿಂದ ಎತ್ತಿ ಆಚೆ ಎಸೆದು ಆಟ ಮುಂದುವರಿಸುತ್ತಿದ್ದೆವು. ಅಷ್ಟೇನೂ ನಾಜೂಕಿನವರಲ್ಲ ನಾವು.

ರಜೆ ಅರ್ಧ ಕಳೆಯುವಾಗ ನನ್ನ ಹಿಮ್ಮಡಿಯ ಹತ್ತಿರ ಅಸಾಧ್ಯ ತುರಿಕೆ ಶುರುವಾಯಿತು. ನೋಡಿದರೆ ಅಂಕುಡೊಂಕಾದ ಕೆಂಪು ಗೆರೆ. ಮರುದಿನ ಅದು ಇನ್ನಷ್ಟು ಉದ್ದವಾಗಿತ್ತು! ಅಜ್ಜ ಕನ್ನಡಕ ಏರಿಸಿ ನೋಡಿ, "ಇದು ಸರ್ಪಸುತ್ತು. ನಾಗನಿಗೆ ಹಾಲು ಕೊಡ್ಬೇಕು" ಎಂದರು. ಕಾವಿಕಲ್ಲು ತೇದು ಗೆರೆಯ ಸುತ್ತ ಬೇಲಿ ಹಾಕಿದ ಹಾಗೆ ಹಚ್ಚಿದರು. ಬೆಳಗಾಗುವಾಗ ಗೆರೆ ಬೇಲಿ ದಾಟಿತ್ತು.

"ಒಳಗೆ ಏನೋ ಉಂಟು ಮಾರಾಯ್ತಿ! ಹೋಗ್ತಾ ಉಂಟು!" ಎಂದು ಜೆಸಿಂತಾ ಕುಣಿದಳು. ಬಾಲ್‌ಪೆನ್ನು ತಂದು ನನ್ನ ಪಾದದಲ್ಲಿ ನಮ್ಮ ಬಸ್ಸು ಹೋಗುವ ಊರುಗಳನ್ನೇ ಬರೆದಳು. ಗೆರೆಯೇ ಬಸ್ಸು. ಹಿಮ್ಮಡಿ ಬಿ.ಸಿ. ರೋಡು, ಹೆಬ್ಬೆರಳು ಬೆಳ್ತಂಗಡಿ. ನಡುವೆ ಪುಂಜಾಲಕಟ್ಟೆ, ಮಡಂತ್ಯಾರು, ಗುರುವಾಯನಕೆರೆ. ಬೆಳಿಗ್ಗೆ ಎದ್ದ ಕೂಡಲೇ ಅವಳು ಓಡಿ ಬಂದು ನನ್ನ ಕಾಲು ಎತ್ತಿ, "ಪುಂಜಾಲಕಟ್ಟೆ ಬಂತು, ಇಳಿಯುವವರು ಮುಂದೆ ಬನ್ನಿ!" ಎಂದು ಕೂಗುತ್ತಿದ್ದಳು. ತುರಿಕೆಗೆ ಅಳು ಬರುತ್ತಿತ್ತು, ಆದರೂ ನನಗಿದ್ದ ಜಂಬ ಅಷ್ಟಿಷ್ಟಲ್ಲ. ಮಡಂತ್ಯಾರು ಮುಟ್ಟುವ ಮೊದಲೇ ಬಸ್ಸು ತಿರುಗಿ ಬಿ.ಸಿ. ರೋಡಿನ ಕಡೆ ಹೊರಟಾಗ ಅಮ್ಮನಿಗೆ ಗಾಬರಿಯಾಗಿ, ನನ್ನನ್ನು ಮೂಡುಬಿದಿರೆಗೆ ಚರ್ಮದ ಡಾಕ್ಟರಮ್ಮನ ಹತ್ತಿರ ಕರೆದುಕೊಂಡು ಹೋದರು.

"ಮನೆಯಲ್ಲಿ ನಾಯಿ ಉಂಟಾ?" ಡಾಕ್ಟರಮ್ಮ ಕೇಳಿದರು.

"ಉಂಟು" ಎಂದರು ಅಮ್ಮ.

"ಹಾಗಾದ್ರೆ ಇದು ನಾಯಿಯ ಕೊಕ್ಕೆಹುಳದ ಮರಿ. ಹುಳ ನಾಯಿಯ ಹೊಟ್ಟೆಯಲ್ಲಿ ಮೊಟ್ಟೆ ಇಡ್ತದೆ. ಮಲದೊಟ್ಟಿಗೆ ಅದು ಹೊರಗೆ ಬಂದು, ಒದ್ದೆ ಹೊಯ್ಗೆಯಲ್ಲಿ ಒಡೆದು ಮರಿಯಾಗ್ತದೆ. ಮರಿ ಇನ್ನೊಂದು ನಾಯಿಯ ಕಾಲಿಗೆ ಕಾಯ್ತದೆ. ಚರ್ಮ ತೂರಿ ರಕ್ತಕ್ಕೆ, ರಕ್ತದಿಂದ ಶ್ವಾಸಕೋಶಕ್ಕೆ, ಅಲ್ಲಿಂದ ಗಂಟಲಿಗೆ. ನಾಯಿ ನುಂಗಿದಾಗ ಹೊಟ್ಟೆಗೆ ಹೋಗಿ ದೊಡ್ಡದಾಗಿ ಪುನಃ ಮೊಟ್ಟೆ! ಈ ಮರಿ ನಿನ್ನನ್ನೇ ನಾಯಿ ಅಂತ ಗ್ರಹಿಸಿತು ಮಗೂ. ಒಳಗೆ ಹೋಗ್ಲಿಕ್ಕೆ ದಾರಿ ಸಿಕ್ಕದೆ ಚರ್ಮದಲ್ಲೇ ತಿರುಗ್ತಾ ಉಂಟು. ಮಾತ್ರೆ ಕೊಡ್ತೇನೆ, ಸಾಯ್ತದೆ. ನಾಯಿಗೂ ಮದ್ದು ಹಾಕಿಸಿ."

ನಾನು ಸ್ಟೂಲಿನಿಂದ ಬೀಳುವುದೊಂದೇ ಬಾಕಿ. ಕಣ್ಣಿಗೆ ಕಾಣದ ಒಂದು ಹುಳ ಇಷ್ಟೆಲ್ಲ ಊರು ಸುತ್ತುತ್ತದೆಯೇ! ಅದೂ ನನ್ನನ್ನು ನಾಯಿ ಎಂದುಕೊಂಡು!

ಮನೆಗೆ ಬಂದು ಒಂದೇ ಉಸಿರಿನಲ್ಲಿ ಎಲ್ಲವನ್ನೂ ಅಜ್ಜನಿಗೆ ಹೇಳಿದೆ. ಅವರ ಕಿವಿಗೆ ಬಿದ್ದದ್ದು ನಾಯಿ ಒಂದೇ.

"ಹಾಗಾದ್ರೆ ಆ ದರಿದ್ರ ಇಲ್ಲಿ ಬೇಡ. ನಾಳೆ ಗೋಣಿಯಲ್ಲಿ ಹಾಕಿ ಮೀನು ಮಾರ್ಕೆಟಿನ ಹತ್ತಿರ ಬಿಟ್ಟು ಬರುವ."

ನಮ್ಮ ಕಡೆ ಬೇಡವಾದ ನಾಯಿಗಳನ್ನು ಸಾಗಹಾಕುತ್ತಿದ್ದದ್ದೇ ಹಾಗೆ. ಹಾಗೆ ಹೋದವು ತಿರುಗಿ ಬಂದದ್ದನ್ನು ನಾನು ಕಂಡಿರಲಿಲ್ಲ.

"ಅಜ್ಜಾ, ಬೊಳ್ಳು ಹೋದರೂ ಹುಳ ಹೊಯ್ಗೆಯಲ್ಲಿ ಉಂಟಲ್ಲ? ಮದ್ದು ಹಾಕಿದ್ರೆ ಸಾಕು ಅಂತ ಹೇಳಿದ್ದಾರೆ!"

"ಬಾಯಿ ಮುಚ್ಚು. ಅದನ್ನು ನಾನು ಇನ್ನು ಈ ಅಂಗಳದಲ್ಲಿ ನೋಡ್ಬಾರದು."

ಬೇರೆ ದಾರಿ ಕಾಣದೆ ಅಳುತ್ತಾ ಅವರ ಕಾಲಿಗೆ ಬಿದ್ದೆ. ಬಿದ್ದವಳಿಗೆ ಅವರ ಕಿರುಬೆರಳ ಬುಡದಿಂದ ಹೊರಟ ಕೆಂಪು ಗೆರೆ ಕಂಡಿತು.

"ಅಜ್ಜಾ! ನಿಮ್ಮ ಕಾಲಲ್ಲಿಯೂ ಬಸ್ಸು ಉಂಟು!"

ಅಜ್ಜ ಸರಕ್ಕನೆ ಕಾಲು ಎಳೆದುಕೊಂಡರು. ಅಮ್ಮ ಒಳಗಿನಿಂದ ಓಡಿ ಬಂದರು. "ಅಪ್ಪಾ, ನೀವು ಹೊಯ್ಗೆಯ ಹತ್ತಿರ ಹೋಗುವುದೇ ಇಲ್ಲವಲ್ಲ?"

ಅಜ್ಜ ಮಾಡಿನ ಹಂಚು ನೋಡಿದರು, ಬಾವಿಕಟ್ಟೆ ನೋಡಿದರು. ಕೊನೆಗೆ, "ಬೆಳಿಗ್ಗೆ ಅದಕ್ಕೆ ಒಂದು ಒಣ ಬಂಗುಡೆ ಮೀನಿನ ತಲೆ ಕೊಡ್ತೇನೆ. ನಾನೂ ಹೊಯ್ಗೆಯ ಮೇಲೆ ಕೂತರೇ ತಿನ್ನುವುದು ಅದು. ಅದೊಂದನ್ನೇ ಬಿಟ್ಟು ಬಂದರೆ ಮೀನನ್ನು ಕಾಗೆ ಕೊಂಡೋಗ್ತದೆ" ಎಂದು ಗೊಣಗಿದರು.

ದಿನವಿಡೀ ಬೊಳ್ಳುವನ್ನು "ಹಚಾ, ಹಚಾ" ಎಂದು ಗದರುತ್ತಿದ್ದ ಮನುಷ್ಯ! ಅಮ್ಮ ಸೆರಗು ಬಾಯಿಗೆ ಒತ್ತಿ ನಕ್ಕರು. ನಾನು ಅಂಗಳಕ್ಕೆ ಹಾರಿ ಬೊಳ್ಳುವನ್ನು ಅಪ್ಪಿಕೊಂಡೆ. ಮರುದಿನ ಅಜ್ಜನೇ ಹಗ್ಗ ಹಿಡಿದು ಅದನ್ನು ದನದ ಆಸ್ಪತ್ರೆಗೆ ಕರೆದುಕೊಂಡು ಹೋದರು. ಬರುವಾಗ ಮದ್ದಿನ ಅಂಗಡಿಯಿಂದ ತಮಗೂ ಮಾತ್ರೆ ತಂದರು. ಹೊಯ್ಗೆಯನ್ನು ಬಿಸಿಲಿಗೆ ಹರವಿ, ಆಮೇಲೆ ಟಾರ್ಪಾಲು ಹೊದೆಸಿದೆವು. ಸ್ವಲ್ಪ ದಿನಗಳಲ್ಲೇ ಇಬ್ಬರ ಬಸ್ಸೂ ನಿಂತಿತು. ಬೇಸರವಾದದ್ದು ಜೆಸಿಂತಾಳಿಗೆ ಮಾತ್ರ.

ಈಗ ನಾನು ಮೂಡುಬಿದಿರೆಯ ಕಾಲೇಜೊಂದರಲ್ಲಿ ಪ್ರಾಣಿಶಾಸ್ತ್ರ ಕಲಿಸುತ್ತೇನೆ. ಕೊಕ್ಕೆಹುಳದ ಜೀವನಚಕ್ರವನ್ನು ಬೋರ್ಡಿನಲ್ಲಿ ಬಿಡಿಸುವಾಗ ನನ್ನ ಧ್ವನಿ ತಾನಾಗಿ ಏರುತ್ತದೆ. ಮಕ್ಕಳು ಅಚ್ಚುಕಟ್ಟಾಗಿ ಬರೆದುಕೊಂಡು, "ಪರೀಕ್ಷೆಗೆ ಬರ್ತದಾ ಮೇಡಂ?" ಎನ್ನುತ್ತಾರೆ. ಅವರಲ್ಲಿ ಒಬ್ಬರ ಕಾಲಿಗೂ ಈ ಹುಳ ಹೊಕ್ಕಿಲ್ಲ. ಒಳ್ಳೆಯದೇ, ನಾನು ಬೇಡುವುದೂ ಅದನ್ನೇ. ಊರ ಮನೆಯ ಅಂಗಳಕ್ಕೂ ಇಂಟರ್‌ಲಾಕ್ ಇಟ್ಟಿಗೆ ಹಾಕಿಸಿದ್ದೇವೆ. ಅದರ ಮೇಲೆ ಯಾವ ಮೊಟ್ಟೆಯೂ ಒಡೆಯುವುದಿಲ್ಲ, ಯಾವ ಮಗುವೂ ಕೂರುವುದಿಲ್ಲ. ಅಜ್ಜ ಹೋದರು, ಅವರ ಹಿಂದೆಯೇ ಬೊಳ್ಳುವೂ ಹೋಯಿತು. ಊರಿಗೆ ಹೋದಾಗ ಬೆಳಿಗ್ಗೆ ಬೇಗ ಎದ್ದು, ಅವರಿಬ್ಬರೂ ಕೂರುತ್ತಿದ್ದ ಮೂಲೆಯಲ್ಲಿ ಬರಿಗಾಲಲ್ಲಿ ನಿಲ್ಲುತ್ತೇನೆ. ಕಾಲಿಗೆ ಏನೂ ಹತ್ತುವುದಿಲ್ಲ.