ಮೇಲುಕೇರಿಯ ಮಾತು ಹೇಳಿದ ಸುಪೊಂಗ್

ನಮ್ಮ ಪಕ್ಕದ ಮನೆಯ ಸುಪೊಂಗ್ ಬಿದಿರಿನ ಬುಟ್ಟಿ ಹೆಣೆಯುವವನು. ಅರವತ್ತೆಂಟಾದರೂ ಅವನ ಹಲ್ಲು ಒಂದೂ ಬಿದ್ದಿರಲಿಲ್ಲ. ಅಷ್ಟಕ್ಕೇ ಮೇಲುಕೇರಿಯವರು ಅವನನ್ನು ಆರಿಸಿದರು. ನಾಗಾ ಭಾಷೆಗಳಲ್ಲಿ ಯಾವುದಕ್ಕೆ ಯಾವುದು ನಂಟು ಎಂದು ಪಟ್ಟಿ ಮಾಡುತ್ತಾ ಊರೂರು ತಿರುಗುವ ಮೇಷ್ಟ್ರೊಬ್ಬರು ಬಂದಿದ್ದರು. ಉಚ್ಚಾರ ಸ್ಪಷ್ಟವಾಗಿರಬೇಕು, ಹಲ್ಲಿರುವ ಹಿರಿಯರೇ ಬೇಕು ಎಂದಿದ್ದರು.

ನಮ್ಮ ಆವೋ ನಾಗಾ ಊರಿನಲ್ಲಿ ಮೇಲುಕೇರಿಯದು ಮೊಂಗ್ಸೆನ್ ಮಾತು, ಕೆಳಕೇರಿಯದು ಚುಂಗ್ಲಿ. ಹೆಣ್ಣು ಕೊಟ್ಟು ತರುತ್ತೇವೆ, ಮಾತನ್ನು ಮಾತ್ರ ಬಿಟ್ಟುಕೊಡುವುದಿಲ್ಲ. ಸುಪೊಂಗನ ಹೆಂಡತಿ ಯಾಂಗೆರ್ಲಾ ನನ್ನ ಹಾಗೆ ಕೆಳಕೇರಿಯಿಂದ ಮದುವೆಯಾಗಿ ಬಂದವಳು. ನಲವತ್ತಮೂರು ವರ್ಷ ಅವಳು ಚುಂಗ್ಲಿಯಲ್ಲಿ ಕೇಳಿದಳು, ಅವನು ಮೊಂಗ್ಸೆನ್‌ನಲ್ಲಿ ಉತ್ತರ ಕೊಟ್ಟ. ಹಾಗೆಂದು ಅವನು ನಂಬಿದ್ದ.

ಮೇಷ್ಟ್ರು ಸುಪೊಂಗನ ಜಗುಲಿಯಲ್ಲಿ ಕೂತು ಒಲೆಗೆ ಏನಂತೀರಿ, ಅನ್ನಕ್ಕೆ ಏನಂತೀರಿ, ಉಪ್ಪಿಗೆ ಏನಂತೀರಿ ಎಂದು ಕೇಳುತ್ತಾ ಹೋದರು. ನಾನು ಅಲ್ಲೇ ಕೆಸುವಿನೆಲೆ ಹೆಚ್ಚುತ್ತಿದ್ದೆ. ಇಪ್ಪತ್ತು ಮಾತಾದ ಮೇಲೆ ಅವರು ಪೆನ್ನು ಕೆಳಗಿಟ್ಟರು.

“ಹಿರಿಯರೇ, ಇದರಲ್ಲಿ ಹದಿನೇಳು ಕೆಳಕೇರಿ ಮಾತು. ಮಧ್ಯಾಹ್ನ ನಾನು ಹೊರಡ್ಬೇಕು. ಹೀಗೇ ಆದ್ರೆ ಈ ಊರಲ್ಲಿ ಮೊಂಗ್ಸೆನ್ ಉಳಿದಿಲ್ಲ ಅಂತ ಬರ್ಕೋತೀನಿ.”

ಸುಪೊಂಗನ ಮುಖ ಹೊಗೆಗೆ ಕಟ್ಟಿದ ಹಂದಿಮಾಂಸದ ಹಾಗಾಯಿತು.

“ಬರೀಬೇಡಿ! ನಮ್ಮ ಕೇರಿಯವ್ರು ನನ್ನ ಹಲ್ಲೆಲ್ಲಾ ಉದುರಿಸ್ತಾರೆ. ಲೇ, ನಿನ್ನ ಅಡುಗೆ ತಿಂದೇ ಹೀಗಾಗಿದ್ದು!”

“ತಿನ್ನೋವಾಗ ಯಾವ ಭಾಷೆ ಅಂತ ಕೇಳಿದ್ಯಾ?” ಎಂದಳು ಯಾಂಗೆರ್ಲಾ.

ಅವನು ಕಣ್ಣು ಮುಚ್ಚಿ ಹೆಣಗಿದ. ಹೆಣಗಿದಷ್ಟೂ ಚುಂಗ್ಲಿಯೇ ಬಂತು. ಯಾಂಗೆರ್ಲಾ ಎದ್ದು, ಅವನು ಹಿಂದಿನ ದಿನ ಮುಗಿಸಿದ ಬುಟ್ಟಿಯನ್ನು ಮೇಷ್ಟ್ರ ಮುಂದೆ ಎತ್ತಿ ಹಿಡಿದಳು.

“ನೋಡಿ ಮೇಷ್ಟ್ರೇ, ಇದರಲ್ಲಿ ಕೋಳಿ ಇಟ್ರೂ ಸೋರತ್ತೆ. ಇವರಪ್ಪನೂ ಹೀಗೇ ಹೆಣೀತಿದ್ದ. ನಮ್ಮ ಕೇರಿ ಇಲಿ ಇದಕ್ಕಿಂತ ಚೆನ್ನಾಗಿ ಗೂಡು ಕಟ್ಟತ್ತೆ.”

ಸುಪೊಂಗ್ ಎದ್ದು ನಿಂತ. ಅವಳ ಒಲೆ, ಅವಳ ಅನ್ನ, ಅವಳ ಉಪ್ಪು, ಅವಳ ಮೂವರು ತಮ್ಮಂದಿರ ಮೂಗು, ಒಂದನ್ನೂ ಬಿಡದೆ ಹೆಸರು ಹಿಡಿದು ಬೈದ. ಎಲ್ಲವೂ ಅಪ್ಪಟ ಮೊಂಗ್ಸೆನ್. ಬೈಗುಳವನ್ನು ಅವನು ಕಲಿತದ್ದು ತಾಯಿಯ ಹತ್ತಿರ, ಹೆಂಡತಿಯ ಹತ್ತಿರ ಅಲ್ಲ.

ಮೇಷ್ಟ್ರು ಎರಡು ಹಾಳೆ ತುಂಬಿಸಿದರು. ಮೇಲೆ ಮೊಂಗ್ಸೆನ್ ಎಂದು ಬರೆದು ಗೆರೆ ಎಳೆದರು. “ಸ್ವಲ್ಪ ನಿಧಾನ, ಹಿರಿಯರೇ.”

“ನಿಧಾನಕ್ಕೆ ಬೈಯೋಕಾಗತ್ತಾ?” ಎಂದಳು ಯಾಂಗೆರ್ಲಾ. “ಇನ್ನು ಯಾವ್ಯಾವ ಮಾತು ಬೇಕು ಹೇಳಿ, ಬೈಸ್ಕೊಡ್ತೀನಿ.”

“ಮೊಣಕಾಲು, ಹೇನು, ಚಂದ್ರ.”

ಮೊಣಕಾಲಿಗೆ ಅವನ ಕುಣಿತದ ಸುದ್ದಿ ತೆಗೆದಳು. ಹೇನಿಗೆ ತನ್ನ ಅತ್ತೆಯ ತಲೆ ಸಾಕಾಯಿತು. ಚಂದ್ರನಿಗೆ ಮಾತ್ರ ಸ್ವಲ್ಪ ಹೊತ್ತು ಹಿಡಿಯಿತು.